ಸವೆದ ಗಾಲಿಯ ಲೆಕ್ಕ: ಲಾನ್ ಮೋವರ್‌ನ ಗಾಲಿಯನ್ನು ಮನೆಯಲ್ಲೇ ಬದಲಿಸುವ ಬಗೆ

ಹುಲ್ಲು ಕತ್ತರಿಸುವ ಯಂತ್ರದಲ್ಲಿ ಎಲ್ಲರ ಗಮನವೂ ಬ್ಲೇಡಿನ ಮೇಲೆ. ಅದು ಮೊಂಡಾದರೆ ಸಾಣೆ ಹಿಡಿಸುತ್ತೇವೆ, ಎಂಜಿನ್ ಹೊತ್ತಿಕೊಳ್ಳಲು ತಕರಾರು ಮಾಡಿದರೆ ಸ್ಪಾರ್ಕ್ ಪ್ಲಗ್ ಬಿಚ್ಚಿ ಉಜ್ಜುತ್ತೇವೆ, ಗಾಲಿಯನ್ನು ಮಾತ್ರ ಅದು ಕಳಚಿ ಬೀಳುವ ತನಕ ಯಾರೂ ವಿಚಾರಿಸುವುದಿಲ್ಲ. ಹುಲ್ಲು ಯಾವ ಎತ್ತರಕ್ಕೆ ನಿಲ್ಲಬೇಕೆಂಬುದನ್ನು ತೀರ್ಮಾನಿಸುವುದು ಈ ಗಾಲಿಯೇ. ಬ್ಲೇಡು ಎಷ್ಟೇ ಹರಿತವಾಗಿರಲಿ, ಅದು ನೆಲದಿಂದ ಎಷ್ಟು ಮೇಲೆ ಸುತ್ತಬೇಕೆಂಬ ಅಳತೆಯನ್ನು ಹೊತ್ತಿರುವವು ನಾಲ್ಕು ಗಾಲಿಗಳು; ಅವುಗಳಲ್ಲಿ ಒಂದು ಸವೆದರೂ ಯಂತ್ರ ಆ ಮೂಲೆಗೆ ವಾಲಿ, ಲಾನಿನಲ್ಲಿ ಒಂದು ಪಟ್ಟಿ ಬೋಳಾಗುತ್ತ ಹೋಗುತ್ತದೆ. ಆದ್ದರಿಂದ ಗಾಲಿ ಬದಲಿಸುವುದನ್ನು ನಟ್ಟು ಬಿಚ್ಚಿ ಬಿಗಿಯುವ ಕೆಲಸವೆಂದು ತಿಳಿದವರು ಹೊಸ ಗಾಲಿ ಹಾಕಿದ ಮೇಲೂ ಹಳೆಯ ತೊಂದರೆಯನ್ನೇ ಕಾಣುತ್ತಾರೆ. ಇದು ಮೊದಲಿಗೆ ಅಳೆಯುವ ಕೆಲಸ, ಆಮೇಲೆ ಪಾನಾ ಹಿಡಿಯುವ ಕೆಲಸ.

ಬೆಳಗಾವಿಯಲ್ಲಿ ಈ ತೊಂದರೆ ಬೇಗ ಬರಲು ಕಾರಣವಿದೆ. ಟಿಳಕವಾಡಿ, ಹಿಂದವಾಡಿ, ಸದಾಶಿವನಗರ, ಕ್ಯಾಂಪ್ ಪ್ರದೇಶದ ಹಳೆಯ ಮನೆಗಳ ಸುತ್ತ ಅಂಗಳ ದೊಡ್ಡದು. ಸಹ್ಯಾದ್ರಿಯ ಮಗ್ಗುಲಲ್ಲಿರುವ ಈ ಊರಿಗೆ ವರ್ಷದ ಮಳೆ ಸಾವಿರ ಮಿಲಿಮೀಟರನ್ನು ಮೀರುವುದರಿಂದ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಕರಿಕೆ ಹುಲ್ಲು ತಡೆಯಿಲ್ಲದೆ ಬೆಳೆಯುತ್ತದೆ. ಆ ತಿಂಗಳುಗಳಲ್ಲಿ ಯಂತ್ರ ಒದ್ದೆ ಮಣ್ಣಿನ ಮೇಲೆ ಓಡುತ್ತದೆ, ದೀಪಾವಳಿ ಕಳೆದ ಮೇಲೆ ಅದೇ ಮಣ್ಣು ಒಣಗಿ ಕೆಂಪು ಧೂಳಾಗಿ ಗಾಲಿಯ ನಡುವಿನ ತೂತಿನೊಳಗೆ ಸೇರುತ್ತದೆ. ವಿಜಯಪುರ ಮತ್ತು ಬಾಗಲಕೋಟೆಯ ಕಡೆ ಮಳೆ ಇದರ ಅರ್ಧದಷ್ಟು, ಅಲ್ಲಿಯ ಬಾಧೆಯೂ ಬೇರೆ. ಎರೆಮಣ್ಣು ಅಂಟಿಕೊಂಡು ಗಾಲಿಗೂ ಯಂತ್ರದ ಮೈಗೂ ನಡುವೆ ಗಟ್ಟಿಯಾಗಿ ತುಂಬಿ ಗಾಲಿ ತಿರುಗುವುದನ್ನೇ ನಿಲ್ಲಿಸುತ್ತದೆ. ತಿರುಗದ ಗಾಲಿಯನ್ನು ಎಳೆದಾಡಿದರೆ ಅದರ ಒಂದು ಮಗ್ಗುಲು ಮಾತ್ರ ಸವೆದು ಚಪ್ಪಟೆಯಾಗುತ್ತದೆ. ಚಪ್ಪಟೆಯಾದ ಗಾಲಿಗೆ ರಿಪೇರಿ ಎಂಬುದಿಲ್ಲ, ಬದಲಿಸಲೇಬೇಕು.

ಗಾಲಿ ಎರಡು ಕಡೆ ಸವೆಯುತ್ತದೆ. ನೆಲಕ್ಕೆ ತಾಗುವ ಹೊರಮೈ ಸವೆಯುವುದು ಎಲ್ಲರಿಗೂ ಕಾಣುತ್ತದೆ. ಕಾಣದೆ ಸವೆಯುವುದು ನಡುವಿನ ಗುಂಬದ, ಅಂದರೆ ಹಬ್ಬಿನ (hub), ತೂತು, ಮತ್ತು ನನ್ನ ಅಂದಾಜಿನಲ್ಲಿ ಮನೆಬಳಕೆಯ ಯಂತ್ರಗಳಲ್ಲಿ ಹೆಚ್ಚು ಗಾಲಿಗಳು ಹಾಳಾಗುವುದು ಇಲ್ಲಿಂದಲೇ. ಅಗ್ಗದ ಯಂತ್ರಗಳಲ್ಲಿ ಪ್ಲಾಸ್ಟಿಕ್ ಗಾಲಿ ನೇರವಾಗಿ ಉಕ್ಕಿನ ಬೋಲ್ಟಿನ ಮೇಲೆ ತಿರುಗುತ್ತದೆ, ನಡುವೆ ಬೇರಿಂಗ್ ಇರುವುದಿಲ್ಲ. ಇಂಥ ಜೋಡಿಯಲ್ಲಿ ಮೆತ್ತಗಿನ ಪ್ಲಾಸ್ಟಿಕ್ ಮಾತ್ರ ಸವೆಯಬೇಕು, ಗಟ್ಟಿಯಾದ ಉಕ್ಕು ಉಳಿಯಬೇಕು ಎಂದು ತೋರುವುದು ಸಹಜ. ನಡೆಯುವುದು ಹಾಗಲ್ಲ. ಧೂಳಿನ ಗಡಸು ಕಣಗಳು ಪ್ಲಾಸ್ಟಿಕ್ಕಿನಲ್ಲಿ ನಾಟಿಕೊಂಡು ಕುಳಿತು, ಮರಳುಕಾಗದ ಉಜ್ಜಿದ ಹಾಗೆ ಬೋಲ್ಟನ್ನು ತೇಯುತ್ತವೆ. ಬೋಲ್ಟು ತಿರುಗುವುದಿಲ್ಲ, ಯಂತ್ರದ ಭಾರವೆಲ್ಲ ಅದರ ಕೆಳಮೈಯಿಂದಲೇ ಗಾಲಿಗೆ ಇಳಿಯುತ್ತದೆ. ಹೀಗಾಗಿ ಬೋಲ್ಟು ಕೆಳಗಡೆ ಮಾತ್ರ ಸವೆದು ಒಂದು ತಗ್ಗು ಬೀಳುತ್ತದೆ. ಗಾಲಿಯ ತೂತಾದರೋ ಸುತ್ತುತ್ತಲೇ ಇರುವುದರಿಂದ ಎಲ್ಲ ಕಡೆಯೂ ಸವೆದು ದೊಡ್ಡದಾಗುತ್ತದೆ, ಅದರಲ್ಲೂ ಎರಡು ಬಾಯಿಗಳ ಬಳಿ ಹೆಚ್ಚು. ಈ ಕಾರಣಕ್ಕೆ ಬೋಲ್ಟನ್ನು ಸೂಕ್ಷ್ಮ ಅಳತೆಯ ಸಾಧನವಾದ ವರ್ನಿಯರ್‌ನಿಂದ ಅಳೆಯುವಾಗ ಒಂದೇ ಕಡೆ ಹಿಡಿದು ನೋಡಿ ಬಿಡಬಾರದು, ಕಾಲು ಸುತ್ತು ತಿರುಗಿಸಿ ಇನ್ನೊಮ್ಮೆ ಅಳೆಯಬೇಕು. ಎರಡು ಅಳತೆಗಳಲ್ಲಿ ಕಣ್ಣಿಗೆ ಕಾಣುವಷ್ಟು ವ್ಯತ್ಯಾಸ ಬಂದರೆ ಗಾಲಿಯ ಜೊತೆಗೆ ಬೋಲ್ಟನ್ನೂ ಬದಲಿಸಬೇಕಾಗುತ್ತದೆ. ಹೊಸ ಬೋಲ್ಟು ಸಿಗುವವರೆಗೆ ಹಳೆಯದನ್ನೇ ಅರ್ಧ ಸುತ್ತು ತಿರುಗಿಸಿ ಹಾಕಿ, ಸವೆಯದ ಮೈ ಕೆಳಗೆ ಬರುವಂತೆ ಮಾಡಿ ಕೆಲವು ವಾರ ದೂಡಬಹುದು.

ಗುಂಬದಲ್ಲಿ ಒಂದು ಮಿಲಿಮೀಟರ್ ಸಡಿಲವಾದರೆ ಏನು ಮಹಾ ಎಂದು ಕೇಳುವವರಿಗೆ ಸಣ್ಣ ಲೆಕ್ಕವೊಂದು ಉತ್ತರ ಕೊಡುತ್ತದೆ. ಗುಂಬದ ಉದ್ದ 40 ಮಿ.ಮೀ., ಗಾಲಿಯ ವ್ಯಾಸ 200 ಮಿ.ಮೀ. ಎಂದು ಇಟ್ಟುಕೊಳ್ಳೋಣ. 40 ಮಿ.ಮೀ. ಉದ್ದದಲ್ಲಿ ಒಂದು ಮಿ.ಮೀ. ಓರೆಯಾದರೆ, ನಡುವಿನಿಂದ 100 ಮಿ.ಮೀ. ದೂರವಿರುವ ಅಂಚಿನಲ್ಲಿ ಅದು ಎರಡೂವರೆ ಮಿ.ಮೀ. ಆಗುತ್ತದೆ, ಗಾಲಿ ಎಡಕ್ಕೂ ಬಲಕ್ಕೂ ಓಲಾಡುವುದರಿಂದ ಅಂಚಿನ ಒಟ್ಟು ಅಲುಗಾಟ 5 ಮಿ.ಮೀ. ಓಲಾಡುವ ಗಾಲಿ ತೂತಿನ ಬಾಯಿಯನ್ನು ಇನ್ನಷ್ಟು ತೇಯುತ್ತದೆ, ತೇದಷ್ಟೂ ಓಲಾಟ ಹೆಚ್ಚುತ್ತದೆ. ಸವೆತ ಒಮ್ಮೆ ಶುರುವಾದ ಮೇಲೆ ಬಹಳ ಬೇಗ ಮುಂದುವರಿಯಲು ಇದೇ ಕಾರಣ. ಹೊರಮೈಯ ಲೆಕ್ಕ ಇನ್ನೂ ಸುಲಭ: ವ್ಯಾಸ 200ರಿಂದ 190 ಮಿ.ಮೀ.ಗೆ ಇಳಿದರೆ ಆ ಮೂಲೆ 5 ಮಿ.ಮೀ. ತಗ್ಗುತ್ತದೆ. ಮೂರು ಸೆಂಟಿಮೀಟರ್ ಎತ್ತರಕ್ಕೆ ಕತ್ತರಿಸುವ ಹುಲ್ಲಿನಲ್ಲಿ ಅಷ್ಟು ವ್ಯತ್ಯಾಸ ಸಣ್ಣದಲ್ಲ. ಕರಿಕೆಯ ಹಸಿರೆಲೆ ಇರುವುದು ಮೇಲ್ಭಾಗದಲ್ಲಿ. ಅದನ್ನು ದಾಟಿ ಬ್ಲೇಡು ಕೆಳಗಿಳಿದರೆ ಕಂದು ಕಾಂಡ ಬಯಲಾಗುತ್ತದೆ.

ಆದರೆ ಅಲುಗಾಡುವ ಗಾಲಿಯೆಲ್ಲ ಸವೆದ ಗಾಲಿಯಲ್ಲ. ಯಂತ್ರವನ್ನು ನಿಲ್ಲಿಸಿ ಗಾಲಿಯ ಮೇಲಂಚು ಕೆಳಂಚುಗಳನ್ನು ಎರಡು ಕೈಗಳಲ್ಲಿ ಹಿಡಿದು ಒಮ್ಮೆ ಒಳಕ್ಕೂ ಒಮ್ಮೆ ಹೊರಕ್ಕೂ ಆಡಿಸಿ, ಕಣ್ಣನ್ನು ಮಾತ್ರ ಬೋಲ್ಟಿನ ತಲೆಯ ಮೇಲೆ ಇಡಬೇಕು. ಬೋಲ್ಟು ಸುಮ್ಮನಿದ್ದು ಗಾಲಿ ಮಾತ್ರ ಅಲುಗಿದರೆ ದೋಷ ಗುಂಬದಲ್ಲಿದೆ. ಬೋಲ್ಟೂ ಜೊತೆಗೆ ಅಲುಗಿದರೆ ನಟ್ಟು ಸಡಿಲವಾಗಿರಬಹುದು, ಇಲ್ಲವೇ ಎತ್ತರ ಹೊಂದಿಸುವ ಲಿವರಿನ ತೋಳು ಸವೆದಿರಬಹುದು, ಇಲ್ಲವೇ ಯಂತ್ರದ ತಗಡಿನ ತೂತೇ ಹಿಗ್ಗಿರಬಹುದು. ಈ ಮೂರರಲ್ಲಿ ಯಾವುದಿದ್ದರೂ ಹೊಸ ಗಾಲಿಗೆ ಕೊಟ್ಟ ದುಡ್ಡು ದಂಡ. ತಗಡಿನ ತೂತು ಹಿಗ್ಗಿದ್ದರೆ ಎರಡೂ ಬದಿಗೆ ದೊಡ್ಡ ವಾಶರ್ ಕೊಟ್ಟು ಬಿಗಿಯುವುದರಿಂದ ಅನೇಕ ಸಲ ಕೆಲಸ ಮುಗಿಯುತ್ತದೆ.

ಬಿಚ್ಚುವ ಮುನ್ನ ಮಾಡಬೇಕಾದ ಕೆಲಸಗಳಲ್ಲಿ ಯಾವ ರಿಯಾಯಿತಿಯೂ ಇಲ್ಲ. ಪೆಟ್ರೋಲ್ ಯಂತ್ರವಾದರೆ ಎಂಜಿನ್ ಪೂರ್ತಿ ತಣ್ಣಗಾದ ಮೇಲೆ ಸ್ಪಾರ್ಕ್ ಪ್ಲಗ್‌ನ ವೈರನ್ನು ಕಿತ್ತು, ಅದು ತಾನಾಗಿ ಮರಳಿ ತಾಗದ ಹಾಗೆ ದೂರ ಕಟ್ಟಬೇಕು. ಎಂಜಿನ್ ನಿಂತಿದ್ದರೂ ಬ್ಲೇಡನ್ನು ಕೈಯಿಂದ ತಿರುಗಿಸಿದಾಗ ಒಂದು ಕಿಡಿ ಹಾರಿ ಒಂದೆರಡು ಸುತ್ತು ತಿರುಗಿಬಿಡಬಹುದು, ಬೆರಳು ಹೋಗಲು ಅಷ್ಟು ಸಾಕು. ವಿದ್ಯುತ್ ಯಂತ್ರವಾದರೆ ಸ್ವಿಚ್ ಆರಿಸಿದ್ದನ್ನು ನಂಬದೆ ಪ್ಲಗ್ಗನ್ನೇ ಕೀಳಬೇಕು, ಬ್ಯಾಟರಿಯದಾದರೆ ಬ್ಯಾಟರಿಯನ್ನು ತೆಗೆದಿಡಬೇಕು. ಯಂತ್ರವನ್ನು ಮಗುಚುವುದಕ್ಕಿಂತ, ಬದಲಿಸಬೇಕಾದ ಗಾಲಿಯ ಬಳಿ ಯಂತ್ರದ ಮೈಗೆ ಮರದ ತುಂಡು ಕೊಟ್ಟು ಆ ಮೂಲೆಯನ್ನಷ್ಟೇ ಎತ್ತುವುದು ಒಳ್ಳೆಯದು. ಮಗುಚಲೇಬೇಕಾದರೆ ಟ್ಯಾಂಕಿನಲ್ಲಿ ಪೆಟ್ರೋಲ್ ಇಲ್ಲದಂತೆ ನೋಡಿಕೊಂಡು, ಕಾರ್ಬ್ಯುರೇಟರ್ ಮತ್ತು ಏರ್ ಫಿಲ್ಟರ್ ಇರುವ ಬದಿ ಮೇಲೆ ಬರುವಂತೆ ವಾಲಿಸಬೇಕು. ಅದು ಕೆಳಗಾದರೆ ಎಂಜಿನ್ ಆಯಿಲ್ ಹರಿದು ಫಿಲ್ಟರಿಗೆ ಸೇರುತ್ತದೆ. ಮುಂದೆ ಎಂಜಿನ್ ಶುರು ಮಾಡಿದಾಗ ದಟ್ಟ ಹೊಗೆ ಎದ್ದು, ಗಾಲಿ ಬದಲಿಸಿದವನು ಎಂಜಿನ್ನನ್ನೇ ಕೆಡಿಸಿದ ಅಪವಾದ ಹೊರಬೇಕಾಗುತ್ತದೆ.

ಇನ್ನು ಗಾಲಿಯನ್ನು ಹಿಡಿದಿರುವುದು ಏನು ಎಂಬುದು. ಕೆಲವು ಹಗುರ ಯಂತ್ರಗಳಲ್ಲಿ ಸರಳಿನಂಥ ಅಚ್ಚಿನ ತುದಿಗೆ ಒತ್ತಿ ಕೂರಿಸಿದ ತಗಡಿನ ಟೋಪಿಯಿರುತ್ತದೆ; ಅದನ್ನು ಸ್ಕ್ರೂ ಡ್ರೈವರಿನಿಂದ ಮೀಟಿ ತೆಗೆದರೆ ಒಳಗಿನ ಹಲ್ಲು ಬಾಗಿಹೋಗುವುದರಿಂದ ಮತ್ತೆ ಬಳಸುವ ಹಾಗಿಲ್ಲ, ಹೊಸದು ಬೇಕು. ಕೆಲವದರಲ್ಲಿ ಅಚ್ಚಿನ ಸುತ್ತ ಕೊರೆದ ತೋಡಿನಲ್ಲಿ ಕೂರುವ ಸರ್ಕ್ಲಿಪ್, ಅಂದರೆ ಬಾಯಿ ತೆರೆದ ಸ್ಪ್ರಿಂಗ್ ಬಳೆ, ಇರುತ್ತದೆ. ಈ ಎರಡೂ ಚಿಮ್ಮುವ ವಸ್ತುಗಳಾದ್ದರಿಂದ ಕಣ್ಣಿಗೆ ಕನ್ನಡಕ ಹಾಕಿಕೊಂಡು, ಮೇಲೆ ಬಟ್ಟೆ ಹಿಡಿದು ತೆಗೆಯಬೇಕು.

ಹೆಚ್ಚಾಗಿ ಕಾಣುವುದು ಶೋಲ್ಡರ್ ಬೋಲ್ಟ್, ಅದನ್ನು ಸರಿಯಾಗಿ ಅರ್ಥ ಮಾಡಿಕೊಂಡರೆ ಅರ್ಧ ಕೆಲಸ ಮುಗಿದಂತೆ. ಈ ಬೋಲ್ಟಿನಲ್ಲಿ ತಲೆಗೂ ಥ್ರೆಡ್ಡಿಗೂ ನಡುವೆ ನುಣುಪಾದ ದಪ್ಪ ಭಾಗವೊಂದಿದೆ, ಥ್ರೆಡ್ಡಿನ ವ್ಯಾಸ ಅದಕ್ಕಿಂತ ಕಡಿಮೆ. ಗಾಲಿ ತಿರುಗುವುದು ಆ ನುಣುಪು ಭಾಗದ ಮೇಲೆ. ಒಳಗಿನಿಂದ ನಟ್ಟು ಬಿಗಿದಾಗ ನುಣುಪು ಭಾಗದ ತುದಿಯ ಮೆಟ್ಟಿಲು ಯಂತ್ರದ ತಗಡಿಗೆ ಬಂದು ಒತ್ತುತ್ತದೆ. ಎಷ್ಟು ಬಿಗಿದರೂ ಆ ಒತ್ತಡ ಗಾಲಿಯ ಮೇಲೆ ಬೀಳುವುದಿಲ್ಲ. ಅಂದಮೇಲೆ ಗಾಲಿ ಸಡಿಲವಾಗಿ ತಿರುಗಬೇಕೋ ಬಿಗಿಯಾಗಿರಬೇಕೋ ಎಂಬುದು ನಟ್ಟಿನ ಕೈಯಲ್ಲಿಲ್ಲ, ನುಣುಪು ಭಾಗದ ಉದ್ದ ಮತ್ತು ಗುಂಬದ ಉದ್ದ ಇವೆರಡರ ವ್ಯತ್ಯಾಸದಲ್ಲಿದೆ. ನುಣುಪು ಭಾಗ ಅರ್ಧ ಅಥವಾ ಒಂದು ಮಿ.ಮೀ. ಹೆಚ್ಚಿದ್ದರೆ ಸರಿ. ಗುಂಬವೇ ಉದ್ದವಾದರೆ ಬೋಲ್ಟಿನ ತಲೆ ಗಾಲಿಯನ್ನು ತಗಡಿಗೆ ಅದುಮಿ ಹಿಡಿಯುತ್ತದೆ, ಗಾಲಿ ತಿರುಗದೆ ಎಳೆದುಕೊಂಡು ಬರುತ್ತದೆ. ಆಗ ನಟ್ಟನ್ನು ಸಡಿಲ ಬಿಟ್ಟು ತಿರುಗುವಂತೆ ಮಾಡುವುದು ಬಹಳ ಮಂದಿ ಹಿಡಿಯುವ ದಾರಿ; ಹಾಗೆ ಬಿಟ್ಟ ಬೋಲ್ಟು ತಗಡಿನ ತೂತನ್ನು ಉದ್ದುದ್ದ ತಿಂದುಹಾಕುತ್ತದೆ. ಗುಂಬದ ಅಂಚನ್ನು ಅರದಿಂದ ತುಸು ಉಜ್ಜುವುದು ಸರಿಯಾದ ಪರಿಹಾರ. ಗುಂಬ ಗಿಡ್ಡವಾಗಿದ್ದರೆ ನಡುವೆ ವಾಶರ್ ಕೊಡಬೇಕು.

ಮಳೆಗಾಲ ಕಂಡ ನಟ್ಟು ತುಕ್ಕು ಹಿಡಿದು ಕಚ್ಚಿಕೊಂಡಿರುತ್ತದೆ. ತಂತಿ ಬ್ರಷ್‌ನಿಂದ ಥ್ರೆಡ್ಡು ಉಜ್ಜಿ, ತುಕ್ಕು ಬಿಡಿಸುವ ಎಣ್ಣೆ ಹಾಕಿ ರಾತ್ರಿಯಿಡೀ ಬಿಟ್ಟರೆ ಸಾಮಾನ್ಯವಾಗಿ ಬಿಡುತ್ತದೆ. ಬಿಚ್ಚುವಾಗ ಒಂದು ಪಾನಾದಿಂದ ಹೊರಗಿನ ತಲೆಯನ್ನು ಹಿಡಿದು ಇನ್ನೊಂದರಿಂದ ಒಳಗಿನ ನಟ್ಟನ್ನು ತಿರುಗಿಸಬೇಕು. ಒಂದನ್ನೇ ತಿರುಗಿಸಿದರೆ ಎರಡೂ ಸುತ್ತುತ್ತವೆ. ಪೆಟ್ರೋಲ್ ಟ್ಯಾಂಕ್ ಇರುವ ಯಂತ್ರಕ್ಕೆ ಬೆಂಕಿಯ ಶಾಖ ಕೊಡುವ ಮಾತೇ ಬೇಡ. ಒಳಗೆ ನೈಲಾನ್ ಬಳೆಯಿರುವ ಲಾಕ್ ನಟ್ಟನ್ನು ಒಮ್ಮೆ ಬಿಚ್ಚಿದ ಮೇಲೆ ಹೊಸದನ್ನೇ ಹಾಕುವುದು ಲೇಸು, ಅದರ ಬೆಲೆ ಹೇಳಿಕೊಳ್ಳುವಷ್ಟಿಲ್ಲ.

ಹೊಸ ಗಾಲಿ ತರಲು ಅಂಗಡಿಗೆ ಹೋಗುವಾಗ ಹಳೆಯ ಗಾಲಿ ಮತ್ತು ಬೋಲ್ಟು ಎರಡನ್ನೂ ಕೈಯಲ್ಲಿ ಹಿಡಿದೇ ಹೋಗಬೇಕು. ಬೇಕಾದ ಅಳತೆಗಳು ಹೊರವ್ಯಾಸ, ಅಗಲ, ತೂತಿನ ವ್ಯಾಸ, ಗುಂಬದ ಉದ್ದ, ಮತ್ತು ಬಹುತೇಕರು ಮರೆಯುವ ಐದನೆಯದೊಂದು: ಗುಂಬವು ಗಾಲಿಯ ಒಳಮಗ್ಗುಲಿಗೆ ಎಷ್ಟು ಚಾಚಿಕೊಂಡಿದೆ ಎಂಬುದು. ಚಾಚಿದ್ದು ಕಡಿಮೆಯಾದರೆ ಉಳಿದ ನಾಲ್ಕೂ ಅಳತೆ ಸರಿಯಿದ್ದರೂ ಗಾಲಿ ಯಂತ್ರದ ಮೈಗೆ ಉಜ್ಜುತ್ತದೆ. ಹೊರವ್ಯಾಸವನ್ನು ಸವೆದ ಗಾಲಿಯಿಂದ ಅಳೆದರೆ ಸವೆದ ಅಳತೆಯೇ ಬರುತ್ತದೆ. ಅದರ ಎದುರು ಬದಿಯ ಜೋಡಿ ಗಾಲಿ ಕಡಿಮೆ ಸವೆದಿದ್ದರೆ ಅದನ್ನು, ಇಲ್ಲವೇ ಯಂತ್ರದ ಕೈಪಿಡಿಯನ್ನು ನೋಡಬೇಕು. ತೂತಿನ ವ್ಯಾಸವನ್ನೂ ಹಿಗ್ಗಿದ ಬಾಯಿಯಲ್ಲಿ ತೆಗೆದುಕೊಳ್ಳದೆ ಬೋಲ್ಟಿನ ಸವೆಯದ ಭಾಗದಿಂದ ತಿಳಿಯುವುದು ಸರಿ.

ಇಲ್ಲಿ ಮೋಸ ಹೋಗುವುದು ಇಂಚು ಮತ್ತು ಮಿಲಿಮೀಟರಿನ ನಡುವೆ. ಈ ಯಂತ್ರಗಳಲ್ಲಿ ಅರ್ಧ ಇಂಚಿನ, ಅಂದರೆ ನಾಲ್ಕು ಸೂತಿನ ಬೋಲ್ಟು ಬಹಳ ರೂಢಿ. ಅದರ ಸರಿಯಾದ ಅಳತೆ 12.7 ಮಿ.ಮೀ. ಇನ್ನು ಕೆಲವಕ್ಕೆ 12 ಮಿ.ಮೀ. ಬೋಲ್ಟು. ನಾಲ್ಕು ಸೂತಿನ ತೂತಿನ ಗಾಲಿ 12 ಮಿ.ಮೀ. ಬೋಲ್ಟಿಗೆ ಸಲೀಸಾಗಿ ಕೂರುತ್ತದೆ, ಅಂಗಡಿಯಲ್ಲಿ ತಿರುಗಿಸಿ ನೋಡಿದರೆ ಚೆನ್ನಾಗಿಯೇ ತಿರುಗುತ್ತದೆ. ಆದರೆ 0.7 ಮಿ.ಮೀ. ಸಡಿಲ ಹುಟ್ಟಿನಿಂದಲೇ ಬಂದಿತು: ಮೇಲಿನ ಲೆಕ್ಕದಂತೆ 200 ಮಿ.ಮೀ. ಗಾಲಿಯ ಅಂಚಿನಲ್ಲಿ ಒಟ್ಟು ಮೂರೂವರೆ ಮಿ.ಮೀ. ಓಲಾಟ. ಅರ್ಧ ಸವೆದ ಗಾಲಿಯನ್ನು ಹೊಸದೆಂದು ಕೊಂಡಂತೆಯೇ ಇದು. ಆನ್‌ಲೈನಿನಲ್ಲಿ ತರಿಸುವವರು ‘ಎಲ್ಲ ಯಂತ್ರಗಳಿಗೂ ಹೊಂದುತ್ತದೆ’ ಎಂಬ ಬರಹ ಕಂಡರೆ ತೂತಿನ ಅಳತೆಯನ್ನು ಹುಡುಕಿ ಓದಬೇಕು.

ಅದೇ ಗಾಲಿ ಸಿಗದಿದ್ದಾಗ ಬೆಳಗಾವಿಯವರಿಗೆ ಇನ್ನೊಂದು ದಾರಿಯಿದೆ. ಉದ್ಯಮಬಾಗದ ಫೌಂಡ್ರಿ ಮತ್ತು ಮಷಿನ್ ಶಾಪುಗಳ ನಡುವೆ ಸಣ್ಣ ಕೆಲಸ ಹಿಡಿಯುವ ಲೇತ್‌ಗಳಿಗೆ ಬರವಿಲ್ಲ. ಹೊರಮೈ ಚೆನ್ನಾಗಿದ್ದು ತೂತು ಮಾತ್ರ ಹಿಗ್ಗಿದ್ದರೆ, ಆ ತೂತನ್ನು 18 ಮಿ.ಮೀ.ಗೆ ನೇರವಾಗಿ ಬೋರ್ ಮಾಡಿಸಿ, ಹೊರಗೆ ಅದಕ್ಕೆ ಬಿಗಿಯಾಗಿ ಕೂರುವ, ಒಳಗೆ ಬೋಲ್ಟಿಗೆ ಹೊಂದುವ ನೈಲಾನ್ ಅಥವಾ ಹಿತ್ತಾಳೆಯ ಕೊಳವೆ, ಅಂದರೆ ಬುಷ್, ಒತ್ತಿಸಬಹುದು. ನಾಲ್ಕು ಸೂತಿನ ಬೋಲ್ಟಾದರೆ ಬುಷ್‌ನ ಗೋಡೆ ಎರಡೂವರೆ ಮಿ.ಮೀ.ಗೂ ತುಸು ಹೆಚ್ಚು ದಪ್ಪ ಉಳಿಯುತ್ತದೆ, ಅಷ್ಟು ಸಾಕು. ಬೋರ್ ಮಾಡಿದ ಮೇಲೆ ಗುಂಬದಲ್ಲಿ ಸುತ್ತಲೂ ಗಟ್ಟಿ ಪ್ಲಾಸ್ಟಿಕ್ ಉಳಿಯುತ್ತದೆಯೇ ಎಂದು ಮೊದಲೇ ನೋಡಬೇಕು. ಬಿಸಿಲಿಗೆ ಬಿದ್ದು ಬಿರುಕು ಬಿಟ್ಟ ಗಾಲಿಗೆ ಈ ಖರ್ಚು ವ್ಯರ್ಥ. ಬುಷ್ ಹಾಕಿಸುವಾಗ ಬೋಲ್ಟನ್ನೂ ಕೊಟ್ಟು ಬರಬೇಕು, ಏಕೆಂದರೆ ಲೇತಿನವನಿಗೆ ಬೇಕಾದದ್ದು ಬಾಯಿಮಾತಿನ ಅಳತೆಯಲ್ಲ, ಆ ಬೋಲ್ಟೇ. ಈ ರೀತಿ ಬುಷ್ ಹಾಕಿಸಿದ ಗಾಲಿ ಕಾರ್ಖಾನೆಯಿಂದ ಬಂದ ಸಾದಾ ಪ್ಲಾಸ್ಟಿಕ್ ಗಾಲಿಗಿಂತ ಹೆಚ್ಚು ಬಾಳಬೇಕೆಂಬುದು ನನ್ನ ಎಣಿಕೆ, ಬುಷ್ ಸವೆದರೆ ಅದನ್ನಷ್ಟೇ ಬದಲಿಸಬಹುದೆಂಬ ಲಾಭವೂ ಉಂಟು.

ಬಾಲ್ ಬೇರಿಂಗ್ ಇರುವ ಗಾಲಿಯಲ್ಲಿ ಗಾಲಿಯನ್ನು ಬದಲಿಸುವ ಅಗತ್ಯವೇ ಅನೇಕ ಸಲ ಬರುವುದಿಲ್ಲ. ಬೇರಿಂಗಿನ ಮೇಲೆ ಸಂಖ್ಯೆ ಕೊರೆದಿರುತ್ತದೆ: 6001 ಎಂದರೆ ಒಳವ್ಯಾಸ 12, ಹೊರವ್ಯಾಸ 28, ದಪ್ಪ 8 ಮಿ.ಮೀ.; 6201 ಎಂದರೆ 12, 32, 10. ಸಂಖ್ಯೆಯ ಮುಂದೆ ‘ಝಡ್‌ಝಡ್’ ಇದ್ದರೆ ಎರಡು ಕಡೆಗೂ ತಗಡಿನ ಮುಚ್ಚಳ, ‘2ಆರ್‌ಎಸ್’ ಇದ್ದರೆ ರಬ್ಬರ್ ಮುಚ್ಚಳ. ಧೂಳು ಮತ್ತು ನೀರಿನಲ್ಲಿ ಓಡುವ ಈ ಕೆಲಸಕ್ಕೆ ರಬ್ಬರ್ ಮುಚ್ಚಳದ್ದೇ ಸರಿ. ಹೊಸ ಬೇರಿಂಗನ್ನು ಹೊರಗಿನ ಬಳೆಯ ಮೇಲೆ ಒತ್ತಿ ಕೂರಿಸಬೇಕು. ಒಳಬಳೆಯ ಮೇಲೆ ಸುತ್ತಿಗೆ ಬಿದ್ದರೆ ಗುಂಡುಗಳು ಕೂರುವ ತೋಡಿನಲ್ಲಿ ಗುರುತು ಮೂಡಿ ಅದು ಮೊದಲ ದಿನದಿಂದಲೇ ಸದ್ದು ಮಾಡುತ್ತದೆ.

ತಾನಾಗಿ ಮುಂದೆ ಸಾಗುವ ಯಂತ್ರಗಳಲ್ಲಿ ಎರಡು ಗಾಲಿಗಳ ಒಳಗೆ ಹಲ್ಲಿನ ಬಳೆಯಿರುತ್ತದೆ, ಅದಕ್ಕೆ ಪಿನಿಯನ್ ಎಂಬ ಸಣ್ಣ ಹಲ್ಲುಚಕ್ರ ಕಚ್ಚಿಕೊಂಡು ಗಾಲಿಯನ್ನು ತಿರುಗಿಸುತ್ತದೆ. ಅಂಥ ಗಾಲಿಗೆ ಹಲ್ಲಿನ ಸಂಖ್ಯೆಯೂ ಹೊಂದಬೇಕಾದ್ದರಿಂದ ಅದೇ ಮಾದರಿಯದನ್ನೇ ತರಬೇಕು. ಬಳೆಯ ಹಲ್ಲು ಸವೆದಿದ್ದರೆ ಪಿನಿಯನ್‌ನ ಹಲ್ಲನ್ನೂ ನೋಡಬೇಕು. ಚೂಪಾಗಿ ಸವೆದ ಪಿನಿಯನ್ನು ಹೊಸ ಬಳೆಯನ್ನು ಬೇಗ ತಿನ್ನುತ್ತದೆ. ಈ ಎರಡು ಗಾಲಿಗಳನ್ನು ಜೊತೆಯಾಗಿಯೇ ಬದಲಿಸಬೇಕು, ಒಂದು ದೊಡ್ಡದು ಒಂದು ಚಿಕ್ಕದಾದರೆ ಯಂತ್ರ ನೇರ ಹೋಗದೆ ಚಿಕ್ಕದರ ಕಡೆಗೆ ಎಳೆಯುತ್ತದೆ.

ಎಂಜಿನ್ ಇಲ್ಲದ, ಕೈಯಿಂದ ತಳ್ಳುವ ಸಿಲಿಂಡರ್ ಮೋವರ್‌ನಲ್ಲಿ ಗಾಲಿಯೇ ಎಂಜಿನ್. ಇಂಗ್ಲೆಂಡಿನ ಎಡ್ವಿನ್ ಬಡ್ಡಿಂಗ್ 1830ರಲ್ಲಿ ಪೇಟೆಂಟ್ ಪಡೆದ ಮೊದಲ ಹುಲ್ಲು ಕತ್ತರಿಸುವ ಯಂತ್ರದ ಕಲ್ಪನೆ ಇದೇ: ತಳ್ಳಿದಾಗ ಉರುಳುವ ಭಾಗ ಹಲ್ಲುಚಕ್ರಗಳ ಮೂಲಕ ಬ್ಲೇಡಿನ ಸುರುಳಿಯನ್ನು ತಿರುಗಿಸಬೇಕು. ಬಟ್ಟೆಯ ಮೇಲೆದ್ದ ನೂಲಿನ ಜುಂಗನ್ನು ಕತ್ತರಿಸಿ ನಯ ಮಾಡುವ ಗಿರಣಿಯ ಯಂತ್ರವನ್ನು ನೋಡಿ ಅವನಿಗೆ ಇದು ಹೊಳೆಯಿತಂತೆ. ಬೆಳಗಾವಿಯ ವಡಗಾವಿ, ಖಾಸಬಾಗದ ನೇಕಾರರಿಗೆ ಹುಲ್ಲು ಕತ್ತರಿಸುವ ಯಂತ್ರ ದೂರದ ನೆಂಟನೆಂದು ಹೇಳಿದರೆ ತಪ್ಪಾಗದು. ಈ ಯಂತ್ರದ ಗಾಲಿ ಬಿಚ್ಚಿದಾಗ ಸಣ್ಣ ಪಿನಿಯನ್ ಜೊತೆಗೆ ಅಚ್ಚಿನ ಸೀಳಿನಲ್ಲಿ ಅಡ್ಡಲಾಗಿ ಜಾರುವ ಉಕ್ಕಿನ ಚಿಕ್ಕ ತುಂಡೊಂದು ಸಿಗುತ್ತದೆ. ಮುಂದೆ ತಳ್ಳಿದಾಗ ಪಿನಿಯನ್‌ಗೆ ಸಿಕ್ಕಿಕೊಂಡು ಸುರುಳಿಯನ್ನು ತಿರುಗಿಸುವುದು, ಹಿಂದೆ ಎಳೆದಾಗ ಟಕಟಕ ಎಂದು ಜಾರಿ ಸುರುಳಿಯನ್ನು ಬಿಟ್ಟುಬಿಡುವುದು ಈ ತುಂಡಿನ ಕೆಲಸ. ಅದನ್ನು ತಿರುವುಮುರುವಾಗಿ ಹಾಕಿದರೆ, ಅಥವಾ ಎಡಬದಿಯ ಪಿನಿಯನ್ನನ್ನು ಬಲಕ್ಕೆ ಹಾಕಿದರೆ, ಯಂತ್ರ ತಳ್ಳಿದಾಗ ಸುಮ್ಮನೆ ಉರುಳಿ ಎಳೆದಾಗ ಮಾತ್ರ ಬ್ಲೇಡು ತಿರುಗುತ್ತದೆ. ಬಿಚ್ಚುವಾಗ ಮೊಬೈಲಿನಲ್ಲಿ ಫೋಟೋ ತೆಗೆದು, ಒಂದು ಬದಿಯ ಕೆಲಸ ಮುಗಿಸಿದ ಮೇಲೆಯೇ ಇನ್ನೊಂದಕ್ಕೆ ಕೈ ಹಾಕುವುದು ಇದಕ್ಕೆ ಮದ್ದು. ಗಾಲಿಯನ್ನು ಕೈಯಿಂದ ತಿರುಗಿಸಿ ಪರೀಕ್ಷಿಸುವಾಗ ಸುರುಳಿಯೂ ತಿರುಗುವುದರಿಂದ ಇನ್ನೊಂದು ಕೈ ಬ್ಲೇಡಿನಿಂದ ದೂರವಿರಬೇಕು.

ಕೂರಿಸುವಾಗ ಎಣ್ಣೆಯ ಪ್ರಶ್ನೆ ಬರುತ್ತದೆ. ಸಾದಾ ಪ್ಲಾಸ್ಟಿಕ್ ಗುಂಬಕ್ಕೆ ಗ್ರೀಸನ್ನು ಧಾರಾಳವಾಗಿ ತುಂಬುವ ಅಭ್ಯಾಸ ನನಗೆ ಸರಿಕಾಣುವುದಿಲ್ಲ. ಹೊರಗೆ ಉಕ್ಕಿದ ಗ್ರೀಸು ಕೆಂಪು ಧೂಳನ್ನು ಹಿಡಿದಿಟ್ಟು ತೇಯುವ ಲೇಪವಾಗುತ್ತದೆ. ಬೋಲ್ಟನ್ನು ಒರೆಸಿ, ತೆಳುವಾದ ಒಂದು ಪದರ ಸವರಿ, ಗಾಲಿ ಹಾಕಿದ ಮೇಲೆ ಹೊರಬಂದದ್ದನ್ನು ಬಟ್ಟೆಯಿಂದ ತೆಗೆದರೆ ಸಾಕು. ಗ್ರೀಸು ಬೇಡವೆಂದು ಕೈಪಿಡಿ ಹೇಳಿದ್ದರೆ ಹಾಗೆಯೇ ಒಣದಾಗಿ ಹಾಕಬೇಕು. ನಟ್ಟು ಬಿಗಿದ ಬಳಿಕ ಗಾಲಿ ಬೆರಳಿನ ತಳ್ಳಿಗೆ ಎರಡು ಮೂರು ಸುತ್ತು ತಾನೇ ಹೋಗಬೇಕು, ಅಕ್ಕಪಕ್ಕಕ್ಕೆ ಆಡಿಸಿದರೆ ಅಲುಗಿದ್ದು ಗೊತ್ತಾಗಬೇಕು ಅಷ್ಟೇ.

ಕಡೆಯ ಅಳತೆಯನ್ನು ಸಮನಾದ ಕಡಪಾ ಹಾಸಿನ ಮೇಲೋ ಸಿಮೆಂಟಿನ ನೆಲದ ಮೇಲೋ ಮಾಡಬೇಕು. ನಾಲ್ಕೂ ಲಿವರುಗಳನ್ನು ಒಂದೇ ಎತ್ತರದ ಗುರುತಿನಲ್ಲಿಟ್ಟು, ಪ್ಲಗ್‌ನ ವೈರು ಇನ್ನೂ ಕಿತ್ತಿರುವಾಗಲೇ, ದಪ್ಪ ಕೈಗವಸು ಹಾಕಿಕೊಂಡು ಬ್ಲೇಡಿನ ಒಂದು ತುದಿಯನ್ನು ಮುಂದಕ್ಕೆ, ಎಡಕ್ಕೆ, ಹಿಂದಕ್ಕೆ, ಬಲಕ್ಕೆ ತಿರುಗಿಸುತ್ತ ನೆಲದಿಂದ ಅದರ ಎತ್ತರವನ್ನು ಪಟ್ಟಿಯಿಂದ ನೋಡಬೇಕು. ಎಡಬಲಗಳು ಒಂದೇ ಆಗಿರಬೇಕು, ಮುಂಭಾಗ ಹಿಂಭಾಗಕ್ಕಿಂತ ಕೆಲವು ಮಿ.ಮೀ. ತಗ್ಗಿದ್ದರೆ ಅದು ಸರಿಯಾದದ್ದೇ. ಹಿಂಭಾಗ ತಗ್ಗಿದ್ದರೆ ಕತ್ತರಿಸಿದ ಹುಲ್ಲಿನ ಮೇಲೆಯೇ ಬ್ಲೇಡು ಮತ್ತೊಮ್ಮೆ ಉಜ್ಜಿ ಎಂಜಿನ್ನಿಗೆ ಭಾರವಾಗುತ್ತದೆ. ಎಡಬಲಗಳಲ್ಲಿ ವ್ಯತ್ಯಾಸ ಕಂಡರೆ ಹೊಸ ಗಾಲಿಯ ಎದುರಿನ ಹಳೆಯ ಗಾಲಿ ಎಷ್ಟು ಸವೆದಿದೆ ಎಂಬುದು ಈಗ ಸಂಖ್ಯೆಯಲ್ಲಿ ಸಿಕ್ಕಂತಾಯಿತು, ಅದನ್ನೂ ಬದಲಿಸಬೇಕು. ಸವೆಯದ ಗಾಲಿಯಾಗಿದ್ದೂ ವ್ಯತ್ಯಾಸವಿದ್ದರೆ ಲಿವರಿನ ತೋಳು ಸವೆದಿದೆಯೇ, ತಗಡಿನ ತೂತು ಹಿಗ್ಗಿದೆಯೇ ಎಂದು ನೋಡಬೇಕು. ಒಂದೇ ಜಾಗದಲ್ಲಿ ಬ್ಲೇಡಿನ ಎರಡು ತುದಿಗಳ ಎತ್ತರ ಬೇರೆ ಬೇರೆ ಬಂದರೆ ಬ್ಲೇಡು ಬಾಗಿರಬಹುದು. ಇದೆಲ್ಲ ಸರಿಬಂದ ಮೇಲೆ ವೈರನ್ನು ಪ್ಲಗ್ಗಿಗೆ ಮರಳಿ ಹಾಕಿ ಒಮ್ಮೆ ಹುಲ್ಲು ಕತ್ತರಿಸಿ, ಎಂಜಿನ್ ತಣ್ಣಗಾದ ಮೇಲೆ ಆ ವೈರನ್ನು ಮತ್ತೆ ಕಿತ್ತು, ಹೊಸ ನಟ್ಟಿಗೆ ಪಾನಾ ಕೊಟ್ಟು ಅದು ತಿರುಗುತ್ತದೆಯೇ ಎಂದು ಪರೀಕ್ಷಿಸಬೇಕು.